ಹವಾಲ್ದಾರ್ ದುರುಗಪ್ಪನವರ ಡಿಸ್ಚಾರ್ಜ್ ಬುಕ್

2001ನೇ ಇಸವಿ ಆಗಸ್ಟ್ 17, ಶುಕ್ರವಾರ. ಬೆಳಿಗ್ಗೆ 9 ಗಂಟೆ 40 ನಿಮಿಷಕ್ಕೆ ಹಗರಿಬೊಮ್ಮನಹಳ್ಳಿ ಪೊಲೀಸ್ ಠಾಣೆಗೆ ಒಂದು ದೂರು ಬಂತು. ತಂದವರು ಹಂಪಮ್ಮ ಎಂಬ ಗೃಹಿಣಿ. ದೂರಿನ ಜೊತೆಗೆ ಗಂಡನನ್ನೂ ರಟ್ಟೆ ಹಿಡಿದು ತಂದಿದ್ದರು.

ಗಂಡ ನಿವೃತ್ತ ಹವಾಲ್ದಾರ್ ದುರುಗಪ್ಪ. ಇಪ್ಪತ್ತೊಂದು ವರ್ಷ ಸೇನೆಯಲ್ಲಿದ್ದು ಹಿಂದಿನ ವರ್ಷವಷ್ಟೇ ಊರಿಗೆ ಮರಳಿದವರು. ಆರಡಿ ಎತ್ತರ, ಒಪ್ಪವಾಗಿ ಕತ್ತರಿಸಿದ ಮೀಸೆ, ಇಸ್ತ್ರಿ ಮುರಿಯದ ಅಂಗಿ. ಅವರು ಬಾಗಿಲ ಬಳಿ ನಿಂತಿದ್ದ ರೀತಿ ನೋಡಿದರೆ ಕಳವಾದದ್ದು ಅವರ ಮನೆಯಲ್ಲಲ್ಲ, ಯಾರೋ ಗುರುತಿಲ್ಲದವರ ಮನೆಯಲ್ಲಿ ಅನ್ನಿಸುತ್ತಿತ್ತು.

ಸಬ್ ಇನ್‌ಸ್ಪೆಕ್ಟರ್ ಅರುಣಕುಮಾರ್ ಇಬ್ಬರಿಗೂ ಕುರ್ಚಿ ತೋರಿಸಿದರು. ಹಂಪಮ್ಮ ಕುಳಿತರು. ದುರುಗಪ್ಪ ಕುಳಿತುಕೊಳ್ಳಲಿಲ್ಲ.

"ಏನು ಕಳವಾಗಿದೆ?"

"ಇವರ ಡಿಸ್ಚಾರ್ಜ್ ಬುಕ್ರಿ ಸಾರ್."

"ಅದರ ಬೆಲೆ?"

"ಬೆಲಿ ಕಟ್ಟಾಕ ಆಗಂಗಿಲ್ರಿ. ಇವರ ಇಪ್ಪತ್ತೊಂದು ವರ್ಷ ಅದರಾಗ ಐತಿ."

ಹಂಪಮ್ಮ ಹೇಳಿದ್ದು ಅತಿಶಯವಲ್ಲ. ಸಿಪಾಯಿಯೊಬ್ಬ ಎಂದು ಸೇರಿದ, ಎಲ್ಲೆಲ್ಲಿ ದುಡಿದ, ಎಂಥ ನಡತೆಯವನು ಎಂಬುದೆಲ್ಲ ಆ ಪುಸ್ತಕದಲ್ಲಿರುತ್ತದೆ. ಅದು ಕೈಯಲ್ಲಿಲ್ಲದಿದ್ದರೆ, ಮೀಸೆ ಎಷ್ಟೇ ಚೆನ್ನಾಗಿದ್ದರೂ, ಸರ್ಕಾರದ ಕಣ್ಣಿಗೆ ಆತ ಮಾಜಿ ಸೈನಿಕನಲ್ಲ. ದುರುಗಪ್ಪನವರಿಗೆ ಅದು ಈಗಲೇ ಬೇಕಾಗಿತ್ತು. ಶಿಕ್ಷಕರ ತರಬೇತಿಯ ಟಿಸಿಎಚ್ ಕೋರ್ಸಿನಲ್ಲಿ ಮಾಜಿ ಸೈನಿಕರಿಗೆಂದು ಮೀಸಲಿಟ್ಟ ಸೀಟುಗಳ ಪಟ್ಟಿಯಲ್ಲಿ ಅವರ ಹೆಸರು ಬಂದಿತ್ತು. ಪಿಯುಸಿಯನ್ನು ಅವರು ಸೇನೆಯಲ್ಲಿದ್ದಾಗಲೇ, ರಜೆಯಲ್ಲಿ ಬಂದು ಬರೆದು ಪಾಸು ಮಾಡಿದ್ದರು. ಇನ್ನುಳಿದದ್ದು ಮೂಲ ದಾಖಲೆಗಳ ಪರಿಶೀಲನೆ ಮಾತ್ರ. ಬಳ್ಳಾರಿಯಲ್ಲಿ, 20ನೇ ತಾರೀಖು ಸೋಮವಾರ, ಬೆಳಿಗ್ಗೆ ಹತ್ತೂವರೆಗೆ.

"ಅವತ್ತು ಬುಕ್ ಇಲ್ಲದಿದ್ದರೆ?"

"ಸೀಟು ಮುಂದಿನವರಿಗೆ ಹೋಗ್ತೈತ್ರಿ. ಇವರಿಗೆ ನಲವತ್ತೆರಡು ವರ್ಷ. ವಯಸ್ಸಿನ ರಿಯಾಯಿತಿ ಈ ವರ್ಷಕ್ಕ ಮುಗೀತು. ಮುಂದಿನ ವರ್ಷ ಬಾಗಿಲು ಬಡದ್ರೂ ತೆಗಿಯಂಗಿಲ್ಲ."

"ನಕಲು ಸಿಗೋದಿಲ್ವಾ?"

ಇದಕ್ಕೆ ಉತ್ತರ ಬಂದದ್ದು ಹೆಡ್ ಕಾನ್‌ಸ್ಟೇಬಲ್ ಗಾದಿಲಿಂಗಪ್ಪನವರಿಂದ. ಅವರೂ ಸೇನೆಯಲ್ಲಿದ್ದು, ಮಾಜಿ ಸೈನಿಕರ ಕೋಟಾದಲ್ಲೇ ಪೊಲೀಸ್ ಇಲಾಖೆಗೆ ಬಂದವರು. "ರೆಕಾರ್ಡ್ ಆಫೀಸಿಗೆ ಬರೀಬೇಕು ಸಾರ್. ಆರು ತಿಂಗಳಿಗೆ ಜವಾಬು ಬಂದ್ರ ನಸೀಬು."

ಅರುಣಕುಮಾರ್ ದುರುಗಪ್ಪನವರ ಕಡೆ ತಿರುಗಿದರು. "ನೀವೇನಂತೀರಿ?"

"ಹೋಗ್ಲಿ ಬಿಡ್ರಿ ಸಾಹೇಬ್ರ. ಕಾಗದ. ಹಣೆಬರದಾಗ ಇಲ್ಲ ಅಂದ್ರ ಇಲ್ಲ."

ಹಂಪಮ್ಮ ಗಂಡನನ್ನು ನೋಡಿದ ನೋಟಕ್ಕೆ ಠಾಣೆಯ ಸೆಂಟ್ರಿ ಕೂಡ ಒಂದು ಹೆಜ್ಜೆ ಹಿಂದೆ ಸರಿದ. "ಹಣೆಬರ ಅಲ್ಲ, ಯಾರೋ ಕೈಚಳಕ ತೋರ್ಸ್ಯಾರ. ಬರ್ಕಳ್ರಿ ಸಾರ್ ನೀವು."

10 ಗಂಟೆ 20 ನಿಮಿಷಕ್ಕೆ ಎಫ್‌ಐಆರ್ ದಾಖಲಾಯಿತು. ಭಾರತೀಯ ದಂಡ ಸಂಹಿತೆ ಕಲಂ 380, ವಾಸದ ಮನೆಯಲ್ಲಿ ಕಳವು. ಆರೋಪಿ: ಅಪರಿಚಿತ.

ಸ್ಥಳ ಪಂಚನಾಮೆ ಶುರುವಾದದ್ದು 11 ಗಂಟೆ 15 ನಿಮಿಷಕ್ಕೆ. ಮನೆ ಹುಡುಕುವ ತೊಂದರೆ ಇರಲಿಲ್ಲ. ಓಣಿಯ ಉಳಿದ ಮನೆಗಳ ಮುಂದೆ ಕಲ್ಲುಗಳು ದೇವರು ಇಟ್ಟ ಹಾಗೆ ಬಿದ್ದಿದ್ದವು. ದುರುಗಪ್ಪನವರ ಮನೆಯ ಮುಂದೆ ಮಾತ್ರ ಹದಿನಾಲ್ಕು ಕಲ್ಲುಗಳು ಒಂದೇ ಸಾಲಿನಲ್ಲಿ, ಒಂದಕ್ಕೆ ಕೆಮ್ಮಣ್ಣು, ಇನ್ನೊಂದಕ್ಕೆ ಸುಣ್ಣ ಬಳಿಸಿಕೊಂಡು ನಿಂತಿದ್ದವು. ನಿವೃತ್ತಿಯಾದ ಮೊದಲ ತಿಂಗಳು ಮಾಡಲು ಬೇರೆ ಕೆಲಸವಿಲ್ಲದೆ ಮಾಡಿದ್ದು ಎಂದು ಹಂಪಮ್ಮ ಹೇಳಿದರು. ಎರಡನೆಯ ತಿಂಗಳು ಬೆಳಿಗ್ಗೆ ಐದಕ್ಕೆ ಸೀಟಿ ಊದಿ ಓಣಿಯ ಮಂದಿಯನ್ನೆಲ್ಲ ಎಬ್ಬಿಸಿದ್ದರಂತೆ. ಮೂರನೆಯ ತಿಂಗಳಿಂದ ಜಗುಲಿಯ ಮೇಲೆ ಓಣಿಯ ಮಕ್ಕಳಿಗೆ ಲೆಕ್ಕ ಹೇಳಿಕೊಡಲು ಕೂತರು. ಮೂರು ಸಲ ಫೇಲಾದವನೂ ಪಾಸಾದ ಮೇಲೆ, ಇವರು ಮೇಷ್ಟರಾಗಲೇಬೇಕು ಎಂದು ಹಂಪಮ್ಮ ತೀರ್ಮಾನಿಸಿ ಅರ್ಜಿ ತರಿಸಿದ್ದರು.

ಒಳಗೆ ಬುದ್ಧನ ಪಟ, ಬಾಬಾಸಾಹೇಬರ ಪಟ, ಅದರ ಕೆಳಗೆ ಕಪ್ಪು ಕಬ್ಬಿಣದ ಟ್ರಂಕು. ಮೇಲೆ ಬಿಳಿ ಬಣ್ಣದಲ್ಲಿ ಸೇನಾ ನಂಬರು, ಹುದ್ದೆ, ಹೆಸರು. ಬೀಗ ಮುರಿದಿರಲಿಲ್ಲ. ಕೀಲಿ ಎಂದಿನಂತೆ ಗೋಡೆಯ ಮೊಳೆಯಲ್ಲೇ ತೂಗುತ್ತಿತ್ತು.

ಪಂಚರಲ್ಲಿ ಒಬ್ಬರು ಎದುರು ಮನೆಯ ಅಂಜಿನಕ್ಕ. ಇನ್ನೊಬ್ಬರು ಮೂಲೆಯ ಕಿರಾಣಿ ಅಂಗಡಿಯವರು. ಇವರ ಸಮಕ್ಷಮ ಟ್ರಂಕು ತೆಗೆಯಲಾಯಿತು.

"ಬುಕ್ ಎಲ್ಲಿತ್ತು?"

"ತಳದಾಗ್ರಿ. ಮ್ಯಾಲ ಇವರ ಕಂಬಳಿ, ಬೂಟು, ಬೆಲ್ಟು. ಅದರ ಮ್ಯಾಲ ನನ್ನ ನಾಕು ಸೀರಿ. ಹನ್ನೆರಡನೇ ತಾರೀಖು ಭಾನುವಾರ ನಾನ ತುರುಕಿದ್ದೆ. ಅವತ್ತು ಬುಕ್ ಇತ್ತು. ಇವತ್ತು ಕಾಗದ ಜೋಡಸಾಕ ಅವಸರದಾಗ ಬದಿಯಿಂದ ತಳಕ್ಕ ಕೈ ತೂರಿಸಿ ತಡವಿದ್ರ ಇಲ್ಲ."

ಗಾದಿಲಿಂಗಪ್ಪ ಟ್ರಂಕಿನ ಮುಂದೆ ಮಂಡಿಯೂರಿ ಕುಳಿತು ಬಹಳ ಹೊತ್ತು ನೋಡಿದರು. ಆಮೇಲೆ ಒಂದು ಸೀರೆಯನ್ನು ಎರಡು ಬೆರಳಲ್ಲಿ ಎತ್ತಿದರು. ಅದನ್ನು ಅಂಚಿಗೆ ಅಂಚು ಕೂಡಿಸಿ ಚೌಕಾಕಾರವಾಗಿ ಮಡಚಲಾಗಿತ್ತು. ನಾಲ್ಕು ಸೀರೆಗಳೂ ಒಂದೇ ಅಳತೆ.

"ಹಂಪಮ್ಮ, ಇದು ನೀವು ಮಡಚಿದ್ದಾ?"

"ನಾನ್ಯಾಕ ಹಿಂಗ ಮಡಚಲಿ? ನಾ ತುರುಕಿದ್ದು ಅಂತ ಹೇಳಿಲ್ಲೇನ್ರಿ?"

ಸೀರೆಗಳ ಕೆಳಗೆ ಕಂಬಳಿ, ತೆರೆದ ಅಂಚು ಒಳಗಡೆಗೆ. ಬೂಟುಗಳ ಮೂತಿ ಹೊರಗಡೆಗೆ. ಬೆಲ್ಟಿನ ಹಿತ್ತಾಳೆ ಬಿಲ್ಲೆ ಮೇಲ್ಮುಖ. ಗಾದಿಲಿಂಗಪ್ಪ ಎದ್ದು ಸಾಹೇಬರನ್ನು ಹಿತ್ತಿಲಿಗೆ ಕರೆದೊಯ್ದರು.

"ಸಾರ್, ಇದು ಕಿಟ್ ಇನ್‌ಸ್ಪೆಕ್ಷನ್‌ಗೆ, ಸಾಮಾನು ತಪಾಸಣೆಗೆ, ಜೋಡಿಸೋ ರೀತಿ. ಸೇನ್ಯಾಗ ಹತ್ತು ವರ್ಷ ಇದ್ದಾವ್ರಿಗೆ ಕೈ ತಾನ ಹಂಗ ಹೋಗ್ತೈತಿ, ಬ್ಯಾಡ ಅಂದ್ರೂ ನಿಲ್ಲಂಗಿಲ್ಲ. ಕಳ್ಳ ಎಲ್ಲಾ ಹೊರಗ ತಗದು, ಬುಕ್ ತಗಂಡು, ವಾಪಸ್ ಜೋಡಿಸ್ಯಾನ. ಹೆಣ್ಣಮಕ್ಕಳ ಸೀರಿ ಸೈತ ಬಿಟ್ಟಿಲ್ಲ."

"ಅಂದರೆ ಕಳ್ಳ ಮಾಜಿ ಸೈನಿಕ."

"ಹೌದ್ರಿ ಸಾರ್. ಇಷ್ಟು ಶಿಸ್ತಿನ ಕಳ್ಳನ್ನ ನಾ ಇದ ಮೊದಲ ನೋಡಿದ್ದು."

ಅಂಜಿನಕ್ಕನ ಹೇಳಿಕೆ ಚಿಕ್ಕದಾಗಿತ್ತು. "ಹೊರಗಿನವ್ರು ಯಾರೂ ಬಂದಿಲ್ರಿ. ಬಂದಿದ್ರ ನನಗ ಗೊತ್ತಾಗದಂಗ ಹೋಗ್ತಿದ್ರೇನು? ದಿನಾ ಐದಕ್ಕೆ ಎದ್ದು ಈ ಕಟ್ಟಿ ಮ್ಯಾಲ ಕುಂತಿರ್ತೀನಿ. ದುರುಗಪ್ಪ ದಿನಾ ಓಡಾಕ ಹೋಗ್ತಾನ, ಬರ್ತಾನ. ಸೋಮವಾರ ಮಾತ್ರ ಕೈಯಾಗ ಚೀಲ ಇತ್ತು, ಹಾಲು ತರಾಕ ಇದ್ದೀತು."

ಪಂಚನಾಮೆ 12 ಗಂಟೆ 10 ನಿಮಿಷಕ್ಕೆ ಮುಗಿಯಿತು. ಅದೇ ಸಂಜೆ ಗಾದಿಲಿಂಗಪ್ಪ ಪಟ್ಟಣದ ಮಾಜಿ ಸೈನಿಕರ ಪಟ್ಟಿ ತಂದರು. ಐದು ಹೆಸರು. ಒಬ್ಬರು ಮೊಣಕಾಲು ಆಪರೇಷನ್ ಮಾಡಿಸಿಕೊಂಡು ಹತ್ತು ದಿನದಿಂದ ದಾವಣಗೆರೆ ಆಸ್ಪತ್ರೆಯಲ್ಲಿದ್ದರು. ಇಬ್ಬರು ಬಾಗಳಿಯಲ್ಲಿ ಒಂದು ಮದುವೆಗೆ ಹೋದವರು ವಾರದಿಂದ ಮರಳಿರಲಿಲ್ಲ. ನಾಲ್ಕನೆಯವರು ಬಸ್ ನಿಲ್ದಾಣದ ಎದುರು ಎಸ್‌ಟಿಡಿ ಬೂತ್ ನಡೆಸುವ ಮೈಲಪ್ಪ.

"ಐದನೆಯವರು?"

"ನಾನ ಸಾರ್. ಸೋಮವಾರದಿಂದ ಗುರುವಾರದ ತನಕ ಬೀಟ್‌ನಾಗ ಇದ್ದೆ. ಬೇಕಂದ್ರ ನನ್ನ ಹೇಳಿಕೆನೂ ತಗಳ್ರಿ."

ಅರುಣಕುಮಾರ್ ನಗುತ್ತಲೇ ಬರೆದುಕೊಂಡರು. ಅವರು ಹರಪನಹಳ್ಳಿಯ ಕಡೆಯವರು, ಕೆಲಸದಲ್ಲಿ ಯಾರನ್ನೂ ಬಿಡುವ ಪೈಕಿ ಅಲ್ಲ.

ಆದರೆ ಅವರ ಗುಮಾನಿ ಬೇರೆ ಕಡೆಗಿತ್ತು. ದುರುಗಪ್ಪ ಸೋಮವಾರ ಹೋಗದಿದ್ದರೆ ಸೀಟು ಯಾರಿಗೆ? ಬಳ್ಳಾರಿಯ ತರಬೇತಿ ಸಂಸ್ಥೆಗೆ ಫೋನ್ ಮಾಡಿ ವಿಚಾರಿಸಿದಾಗ, ಕಾಯುವ ಪಟ್ಟಿಯಲ್ಲಿ ಮೊದಲ ಹೆಸರು ಕೊಟ್ಟೂರಿನ ನಿವೃತ್ತ ನಾಯಕ್ ಸೋಮಶೇಖರ್ ಎಂದು ಗೊತ್ತಾಯಿತು. ಮಾಜಿ ಸೈನಿಕ, ಸೀಟಿನ ಆಸೆ, ಇಪ್ಪತ್ತು ಚಿಲ್ಲರೆ ಕಿಲೋಮೀಟರು ದೂರ. ಇದಕ್ಕಿಂತ ಚೊಕ್ಕ ಆರೋಪಿ ಸಿಗುವುದು ಕಷ್ಟ.

18ನೇ ತಾರೀಖು ಶನಿವಾರ ಬೆಳಿಗ್ಗೆ 10 ಗಂಟೆಗೆ ಜೀಪು ಕೊಟ್ಟೂರಿನಲ್ಲಿತ್ತು. ಸೋಮಶೇಖರ್ ಸಿಕ್ಕಿದ್ದು ಒಂದು ಬ್ಯಾಂಕಿನ ಬಾಗಿಲಲ್ಲಿ, ಎರಡು ನಳಿಗೆಯ ಬಂದೂಕು ಹಿಡಿದು ಸ್ಟೂಲಿನ ಮೇಲೆ.

"ಸೋಮವಾರ 13ನೇ ತಾರೀಖಿನಿಂದ ಈಚೆಗೆ ಎಲ್ಲಿದ್ರಿ?"

"ಇಲ್ಲೇರಿ. ಹಾಜರಿ ಪುಸ್ತಕ ನೋಡ್ರಿ."

"ಟಿಸಿಎಚ್ ಸೀಟಿಗೆ ಅರ್ಜಿ ಹಾಕಿದ್ರಿ."

"ಹಾಕಿದ್ದೆ. ಆಮ್ಯಾಲ ಈ ಕೆಲಸ ಸಿಕ್ತು. ನೆರಳಿನಾಗ ಕುಂದ್ರೋದು, ತಿಂಗಳಿಗೆ ಪಗಾರ. ಈಗ ಆ ಸೀಟು ಮನಿಗೆ ತಂದುಕೊಟ್ರೂ ಬ್ಯಾಡ್ರಿ. ಬರಂಗಿಲ್ಲ ಅಂತ ಮನ್ನೇನ ಕಾರ್ಡ್ ಬರದು ಹಾಕೀನಿ."

ಅರುಣಕುಮಾರ್ ಹಾಜರಿ ಪುಸ್ತಕ ನೋಡಿದರು. ಸಹಿ ಇತ್ತು. ಚೊಕ್ಕ ಆರೋಪಿ ಕೈಜಾರಿದ. ಹೊರಡುವ ಮುಂಚೆ, ಸಂಗತಿಯೆಲ್ಲ ಕೇಳಿ ತಿಳಿದ ಸೋಮಶೇಖರ್ ತಾವಾಗಿಯೇ ಒಂದು ಮಾತು ಹೇಳಿದರು.

"ಸಾರ್, ತಗಂಡಾವ ಮಿಲಿಟರಿ ಮನುಷ್ಯಾ ಅಂತೀರಿ. ಹಂಗಿದ್ರ ಆ ಬುಕ್ ಜೋಪಾನವಾಗಿ ಐತಿ. ನಮ್ಮಂದಿ ಸರ್ಕಾರಿ ಕಾಗದ ಸುಡಂಗಿಲ್ಲ, ಹರಿಯಂಗಿಲ್ಲ. ಯಾರದ್ದಾದ್ರೂ ಸುಪರ್ದಿಗೆ ಕೊಟ್ಟಿರ್ತಾನ. ಕೊಟ್ಟ ಮ್ಯಾಲ ಸಹಿ ತಗಳದ ಬಿಟ್ಟಿರಂಗಿಲ್ಲ."

ವಾಪಸು ಬರುವ ದಾರಿಯಲ್ಲಿ ಸಾಹೇಬರು ಪಂಚನಾಮೆಯನ್ನು ಮತ್ತೊಮ್ಮೆ ಓದಿದರು. ಜೀಪು ಪಟ್ಟಣ ಸೇರುವ ಹೊತ್ತಿಗೆ ಗಾದಿಲಿಂಗಪ್ಪನವರ ಪಟ್ಟಿ ಕೇಳಿ ಪಡೆದು, ಜೇಬಿನಿಂದ ಪೆನ್ ತೆಗೆದು, ಕೆಳಗೆ ಆರನೆಯ ಹೆಸರು ಬರೆದರು. ಗಾದಿಲಿಂಗಪ್ಪ ಓದಿ ಕಣ್ಣು ಅಗಲಿಸಿದರು.

"ತನ್ನ ಬುಕ್ ತಾನ ಕದಿತಾರೇನ್ರಿ ಸಾರ್?"

"ಅದಕ್ಕೇ ನಾವು ಎಣಿಸಲಿಲ್ಲ. ಊರಲ್ಲಿ ಮಾಜಿ ಸೈನಿಕರು ಐದಲ್ಲ, ಆರು. ಕೀಲಿ ಎಲ್ಲಿದೆ ಅಂತ ಆತನಿಗೆ ಗೊತ್ತು. ಬುಕ್ ಸಿಗಲಿ ಅಂತ ಒಮ್ಮೆಯೂ ಹೇಳಲಿಲ್ಲ. ಓಡೋಕೆ ಹೋಗೋ ಮನುಷ್ಯನ ಕೈಯಲ್ಲಿ ಚೀಲ ಯಾಕೆ?"

"ಸಹಿ ತಗಂಡಿದ್ರ, ಅದು ಮೈಲಪ್ಪನ ಕಡೆ," ಎಂದರು ಗಾದಿಲಿಂಗಪ್ಪ. "ನಮ್ಮ ಮಾಜಿ ಸೈನಿಕರ ಸಂಘದ ಕಾರ್ಯದರ್ಶಿ. ರಿಜಿಸ್ಟರ್ ಇಲ್ಲದ ನೀರೂ ಕುಡಿಯಂಗಿಲ್ಲ."

ಆ ಹೊತ್ತಿಗೆ ಬೂತಿನ ಶಟರ್ ಇಳಿದಿತ್ತು. ಮೈಲಪ್ಪ ಕೂಡ್ಲಿಗಿಗೆ ಹೋಗಿದ್ದಾರೆ, ನಾಳೆ ಬರುತ್ತಾರೆ ಎಂದು ಪಕ್ಕದ ಅಂಗಡಿಯವರು ಹೇಳಿದರು. ಸೋಮವಾರಕ್ಕೆ ಉಳಿದದ್ದು ಒಂದೇ ದಿನ.

19ನೇ ತಾರೀಖು ಭಾನುವಾರ, ಬೆಳಿಗ್ಗೆ 9 ಗಂಟೆ 15 ನಿಮಿಷ. ಮೈಲಪ್ಪ ಬೂತಿನ ಗಾಜು ಒರೆಸುತ್ತಿದ್ದರು.

"ನಿಮ್ಮ ಸಂಘದ ರಿಜಿಸ್ಟರ್ ಕೊಡಿ."

ಮೈಲಪ್ಪ ಎರಡನೇ ಮಾತಿಲ್ಲದೆ ಕೊಟ್ಟರು. ಆಗಸ್ಟ್ ತಿಂಗಳ ಪುಟದಲ್ಲಿ ಗುಂಡಗಿನ ಅಕ್ಷರದಲ್ಲಿ ಬರೆದಿತ್ತು: ದಿನಾಂಕ 13-8-2001, ಸಮಯ 0610. ಪಡೆದದ್ದು ಡಿಸ್ಚಾರ್ಜ್ ಬುಕ್ ಒಂದು, ಸುಸ್ಥಿತಿ. ಕೊಟ್ಟವರು ಹವಾಲ್ದಾರ್ ದುರುಗಪ್ಪ. ಹಿಂದಿರುಗಿಸಬೇಕಾದ ದಿನಾಂಕ 21-8-2001. ಕೆಳಗೆ ಇಬ್ಬರ ಸಹಿ.

ಪರಿಶೀಲನೆ 20ಕ್ಕೆ. ವಾಪಸು 21ಕ್ಕೆ. ಅರುಣಕುಮಾರ್ ಆ ಸಾಲನ್ನು ಎರಡು ಸಲ ಓದಿದರು.

"ಊರಿಗೆಲ್ಲ ಗೊತ್ತಾಗಿದೆ, ಬುಕ್ ಕಳವಾಗಿದೆ ಅಂತ. ನೀವ್ಯಾಕೆ ಬಂದು ಹೇಳಲಿಲ್ಲ?"

"ನನ್ನ ಕಡೆ ಇರೋದು ಕಳವಿನ ಮಾಲಲ್ರಿ. ಮಾಲೀಕ ಕೊಟ್ಟು ಹೋಗ್ಯಾನ, ನಾ ಬರ್ಕಂಡೀನಿ. ಯಾಕ ಅಂತ ಕೇಳಿದೆ, ಹೇಳಲಿಲ್ಲ. ಮಾರಿ ನೋಡಿದ್ರ ಮತ್ತ ಕೇಳಬೇಕು ಅನಸ್ಲಿಲ್ಲ. ನೀವು ಕೇಳಿದ್ರಿ, ತೋರಿಸಿದೆ. ನಿನ್ನೆ ಕೇಳಿದ್ರ ನಿನ್ನೇನ ತೋರಸ್ತಿದ್ದೆ."

ಬುಕ್ಕನ್ನು ಪಂಚರ ಸಮಕ್ಷಮ ಜಪ್ತಿ ಮಾಡಲಾಯಿತು. ಮೈಲಪ್ಪ ಅದಕ್ಕೂ ತಮ್ಮ ರಿಜಿಸ್ಟರಿನಲ್ಲಿ ಸಾಹೇಬರ ಸಹಿ ತೆಗೆದುಕೊಂಡರು.

10 ಗಂಟೆ 40 ನಿಮಿಷಕ್ಕೆ ಜೀಪು ಓಣಿಗೆ ಬಂತು. ಅಂಜಿನಕ್ಕ ಕಟ್ಟೆಯಿಂದ ಎದ್ದು ನಿಂತರು. ದುರುಗಪ್ಪ ಜಗುಲಿಯ ಮೇಲೆ ಬೂಟಿಗೆ ಪಾಲಿಶ್ ಹಾಕುತ್ತಿದ್ದರು. ಸಾಹೇಬರ ಕೈಯಲ್ಲಿದ್ದ ಬುಕ್ ನೋಡಿದ್ದೇ ಬ್ರಷ್ ಕೆಳಗಿಟ್ಟು, ಎದ್ದು ಸಾವಧಾನ್ ನಿಂತರು.

"ದುರುಗಪ್ಪನವರೇ, ಡಿಸ್ಚಾರ್ಜ್ ಬುಕ್ ಕಳವಿನ ಪ್ರಕರಣದಲ್ಲಿ ನಿಮ್ಮನ್ನ ವಶಕ್ಕೆ ತಗೊಂಡಿದ್ದೀನಿ."

"ಯಾವ ಸೆಕ್ಷನ್ ಸಾಹೇಬ್ರ?"

"ದಾರಿಯಲ್ಲಿ ಯೋಚನೆ ಮಾಡ್ತೀನಿ. ಜೀಪು ಹತ್ತಿ."

ನಿಜ ಹೇಳಬೇಕೆಂದರೆ ಸೆಕ್ಷನ್ ಯಾವುದೂ ಇರಲಿಲ್ಲ. ತನ್ನ ಟ್ರಂಕಿನಿಂದ ತನ್ನ ಬುಕ್ ತೆಗೆದವನನ್ನು ಕಳ್ಳ ಎನ್ನಲು ದಂಡ ಸಂಹಿತೆಯಲ್ಲಿ ಅವಕಾಶವಿಲ್ಲ. ಅರುಣಕುಮಾರರಿಗೆ ಇದು ಚೆನ್ನಾಗಿ ಗೊತ್ತಿತ್ತು. ಆದರೆ ಪೊಲೀಸರ ಜೀಪು ಹತ್ತಿದ ಮೇಲೆ ಮನುಷ್ಯ ನಿಜ ಹೇಳುತ್ತಾನೆ ಎಂಬುದೂ ಗೊತ್ತಿತ್ತು. ಹಂಪಮ್ಮ ಹಿಂದೆಯೇ ಬಂದು ಕರೆಯದೆಯೇ ಜೀಪು ಹತ್ತಿದರು. ಅವರ ಜೊತೆ ಮಗಳು ಕ್ರಾಂತಿ, ಹದಿನೆಂಟರ ಹುಡುಗಿ. ಅದೇ ಸಂಸ್ಥೆಯಲ್ಲಿ, ಅದೇ ಟಿಸಿಎಚ್ ಕೋರ್ಸಿಗೆ ಹತ್ತು ದಿನದ ಹಿಂದೆ ಸೇರಿದ್ದಳು. ಭಾನುವಾರದ ರಜೆಗೆಂದು ಹಿಂದಿನ ಸಂಜೆ ಬಳ್ಳಾರಿಯ ಬಸ್ಸಿಗೆ ಬಂದಿದ್ದಳು.

ಠಾಣೆಯಲ್ಲಿ ವಿಚಾರಣೆ 11 ಗಂಟೆಗೆ ಶುರುವಾಯಿತು.

"ಬುಕ್ ತೆಗೆದವರು ಯಾರು?"

"ನಾನ ಸಾಹೇಬ್ರ."

"ಯಾವಾಗ?"

"ಹದಿಮೂರನೇ ತಾರೀಖು, ಮುಂಜಾನಿ ಐದು ಐವತ್ತು. ಇಕಿ ನೀರಿಗೆ ಹೋಗಿದ್ಲು."

"ಸೀರೆ ಯಾಕೆ ಮಡಚಿದ್ರಿ?"

"ಬಾಳ ಕೆಟ್ಟದಾಗಿ ಬಿದ್ದಿದ್ವು ಸಾಹೇಬ್ರ."

ಗಾದಿಲಿಂಗಪ್ಪ ಕೆಮ್ಮು ಬಂದವರಂತೆ ಹೊರಗೆ ಹೋಗಿ ನಕ್ಕು ಬಂದರು.

"ಸೀಟು ನಿಮ್ಮದು. ಅರ್ಜಿಗೆ ಸಹಿ ಹಾಕಿದವರು ನೀವು. ಯಾಕೆ ಬಚ್ಚಿಟ್ರಿ?"

ದುರುಗಪ್ಪ ಅಂಗಿಯ ಗುಂಡಿ ಸರಿಮಾಡಿಕೊಂಡರು. ಕಡೆಗೆ ಹಂಪಮ್ಮ ಗಂಡನ ಕೈ ಮೇಲೆ ಕೈಯಿಟ್ಟು, ಆ ಮೂರು ದಿನಗಳಲ್ಲಿ ಮೊದಲ ಬಾರಿಗೆ ಮೆತ್ತಗೆ ಮಾತಾಡಿದರು. "ಹೇಳ್ರಿ. ನಾ ಬೈಯಂಗಿಲ್ಲ."

"ಒಂಬತ್ತನೇ ತಾರೀಖು ಮಗಳನ್ನ ಹಾಸ್ಟೆಲ್‌ಗೆ ಬಿಡಾಕ ಹೋಗಿದ್ದೆ ಸಾಹೇಬ್ರ," ಎಂದರು ದುರುಗಪ್ಪ, ಎದುರಿನ ಗೋಡೆ ನೋಡುತ್ತ. "ಗೇಟಿನಾಗ ನಾಕೈದು ಹುಡಿಗ್ಯಾರು ಇದ್ರು. ಇವರ‍್ಯಾರು ಅಂತ ಕೇಳಿದ್ರು. ಕ್ರಾಂತಿ, ನಮ್ಮಪ್ಪ, ಇವರೂ ನಮ್ಮ ಕ್ಲಾಸಿಗೆ ಬರ್ತಾರ ಅಂದ್ಲು. ಅವರೆಲ್ಲಾ ನಕ್ಕುಬಿಟ್ರು. ಬಾಯಿ ಮುಚ್ಕಂಡು ನಕ್ಕರು. ಇಕಿನೂ ನಕ್ಕಳು. ಅವರ ಮುಂದ ನಾಚಿಗಿ ಆಗಿ ನಕ್ಕಳು ಅಂತ ನನಗ ತಿಳೀತು."

"ಅಷ್ಟಕ್ಕೇ?"

"ಹಿಮದಾಗ ನಿಂತೀನಿ ಸಾಹೇಬ್ರ. ತಲಿ ಮ್ಯಾಲ ಗುಂಡು ಹಾರಿದ್ದು ಕೇಳೀನಿ. ಹಿಂದಕ್ಕ ಹೆಜ್ಜಿ ಇಟ್ಟಿಲ್ಲ. ಅವತ್ತ ಆ ಗೇಟಿನಾಗ ಇಟ್ಟೆ. ನನ್ನನ್ನ ನೋಡಿ ನಗ್ಲಿ, ಚಿಂತಿಲ್ಲ. ಎರಡು ವರ್ಷ ದಿನಾ ನನ್ನ ಮಗಳು ಆ ನಗಿ ಕೇಳಬೇಕಲ್ಲ. ಓದಾಕ ಹೋದ ಹುಡಿಗಿ, ನನ್ನಿಂದ ತಲಿ ತಗ್ಗಿಸಿ ಕುಂದ್ರಬಾರದು ಅನಿಸ್ತು. ಬರಂಗಿಲ್ಲ ಅಂದ್ರ ಇಕಿ ಅವ್ವ ಬಿಡಂಗಿಲ್ಲ. ಬುಕ್ ಹೋತು ಅಂದ್ರ ಯಾರಿಗೂ ಬ್ಯಾಸರ ಆಗಂಗಿಲ್ಲ ಅಂತ ಮಾಡಿದೆ."

ಹಂಪಮ್ಮ ಸೆರಗಿನಿಂದ ಮೂಗು ಒರೆಸಿಕೊಂಡರು. ಕ್ರಾಂತಿ ಎದ್ದು ಅಪ್ಪನ ಮುಂದೆ ಬಂದು ನಿಂತಳು. ಮುಖ ಕೆಂಪಾಗಿತ್ತು. ಅಳುತ್ತಾಳೋ ಜಗಳವಾಡುತ್ತಾಳೋ ಎಂದು ಯಾರಿಗೂ ಗೊತ್ತಾಗಲಿಲ್ಲ. ಅವಳು ಎರಡನ್ನೂ ಮಾಡಿದಳು.

"ಅಪ್ಪಾ, ನಾ ಹುಟ್ಟಿದಾಗ ನೀ ಎಲ್ಲಿದ್ದಿ?"

"ಲಡಾಖ್‌ನಾಗ."

"ನನ್ನನ್ನ ಸಾಲಿಗೆ, ಒಂದನೇತ್ತಕ್ಕ ಸೇರಿಸಿದಾಗ?"

"ಅಸ್ಸಾಮಿನಾಗ."

"ಎಸ್ಸೆಸ್ಸೆಲ್ಸಿ ರಿಸಲ್ಟ್ ಬಂದಾಗ?"

ಆಗಲೂ ದುರುಗಪ್ಪ ಗಡಿಯಲ್ಲಿದ್ದರು.

"ಎಲ್ಲಾರ ಅಪ್ಪಂದಿರೂ ಸಾಲಿಗೆ ಬಿಡಾಕ ಬರ್ತಿದ್ರು. ನನಗ ಒಂದು ದಿನಾನೂ ನೀ ಸಿಗಲಿಲ್ಲ. ಅವತ್ತು ಗೇಟಿನಾಗ ನಾ ನಕ್ಕಿದ್ದು ನಾಚಿಗಿಗೆ ಅಲ್ಲಪ್ಪಾ. ಇನ್ನ ಎರಡು ವರ್ಷ ದಿನಾ ಅಪ್ಪನ ಜೊತಿ ಸಾಲಿಗೆ ಹೋಗ್ತೀನಿ ಅಂತ ಖುಷಿ ಆಗಿತ್ತು. ಆ ಹುಡಿಗ್ಯಾರು ಯಾಕ ನಕ್ಕರು ಗೊತ್ತೇನು? ನೀ ಹೊಸಾ ಲೆಕ್ಚರರು ಅಂತ ತಿಳ್ಕಂಡು ಅವರು ಆಗ್ಲೇ ಎರಡು ಸಲ ನಮಸ್ಕಾರ ಮಾಡಿದ್ರು, ನೀ ನೋಡ್ಲೇ ಇಲ್ಲ. ಈಗ ದಿನಾ ಕೇಳ್ತಾರ, ನಿಮ್ಮಪ್ಪ ಯಾವಾಗ ಬರ್ತಾರ, ಲೆಕ್ಕ ಅವರ ಕಡೆ ಹೇಳಿಸ್ಕಂತೀವಿ ಅಂತ."

ಸಾವಧಾನ್ ನಿಂತಿದ್ದ ಹವಾಲ್ದಾರರ ಭುಜ ಮೊದಲ ಬಾರಿಗೆ ಸಡಿಲವಾಯಿತು. ಅವರು ಕುರ್ಚಿಯ ಮೇಲೆ ಕುಳಿತು ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡು ಅತ್ತರು. ಅರುಣಕುಮಾರ್ ಯಾವುದೋ ಫೈಲು ತೆರೆದು ಓದುವಂತೆ ಮಾಡಿದರು. ಅವರ ಮನೆಯಲ್ಲೂ ಒಬ್ಬಳು ಮಗಳಿದ್ದಳು.

ಆಮೇಲೆ ಸಾಹೇಬರು ಫೈಲು ಮುಚ್ಚಿ ಆದೇಶ ಹೊರಡಿಸಿದರು. ಆರೋಪಿಯನ್ನು ನಾಳೆ ಬೆಳಿಗ್ಗೆ ಐದೂವರೆಯ ಬಸ್ಸಿಗೆ ಹೆಡ್ ಕಾನ್‌ಸ್ಟೇಬಲ್ ಗಾದಿಲಿಂಗಪ್ಪನವರ ಬೆಂಗಾವಲಿನಲ್ಲಿ ಬಳ್ಳಾರಿಗೆ ಕರೆದೊಯ್ದು ಹತ್ತೂವರೆಯೊಳಗೆ ಹಾಜರುಪಡಿಸುವುದು. ತಪ್ಪಿಸಿಕೊಳ್ಳುವ ಸಂಭವವಿರುವುದರಿಂದ ಹೆಂಡತಿ ಮತ್ತು ಮಗಳು ಜೊತೆಗಿರತಕ್ಕದ್ದು. ಜಪ್ತಿ ಮಾಡಿದ ಬುಕ್ಕು ಅಲ್ಲಿಯವರೆಗೂ ಹಂಪಮ್ಮನವರ ಸುಪರ್ದಿಯಲ್ಲಿರತಕ್ಕದ್ದು. ಹಂಪಮ್ಮ ಸುಪರ್ದಿನಾಮೆಗೆ ರುಜು ಹಾಕಿ, ಬುಕ್ಕನ್ನು ಸೆರಗಿನಲ್ಲಿ ಸುತ್ತಿ ಸೊಂಟಕ್ಕೆ ಸಿಕ್ಕಿಸಿಕೊಂಡರು. ಇನ್ನು ಅದನ್ನು ಅಲ್ಲಿಂದ ತೆಗೆಯುವುದು ಯಾವ ಸೈನ್ಯಕ್ಕೂ ಸಾಧ್ಯವಿರಲಿಲ್ಲ.

ಅಂದು ಸಂಜೆ ಅರುಣಕುಮಾರ್ ಕೇಸ್ ಡೈರಿ ಬರೆದರು. ಕಳವು ನಡೆದಿಲ್ಲ, ಮಾಲೀಕರೇ ವಸ್ತುವನ್ನು ಬೇರೆಡೆ ಇಟ್ಟಿದ್ದು ದೂರುದಾರರಿಗೆ ತಿಳಿದಿರಲಿಲ್ಲ, ಆದ್ದರಿಂದ ನ್ಯಾಯಾಲಯಕ್ಕೆ 'ಬಿ' ವರದಿ ಸಲ್ಲಿಸಲಾಗುವುದು. ಕಾರಣ ಬರೆಯಬೇಕಾದಲ್ಲಿ ಹೀಗೆ ಬರೆದರು: ಇಪ್ಪತ್ತೊಂದು ವರ್ಷ ಮನೆಯಿಂದ ದೂರವಿದ್ದ ತಂದೆ, ತಾನು ಹತ್ತಿರ ಬಂದರೆ ಮಗಳಿಗೆ ಮುಜುಗರವಾದೀತೆಂದು ಹೆದರಿದ್ದರು.

ಸೋಮವಾರ ಮಧ್ಯಾಹ್ನ 12 ಗಂಟೆ 20 ನಿಮಿಷಕ್ಕೆ ಠಾಣೆಯ ಫೋನು ಬಡಿದುಕೊಂಡಿತು. ಗಾದಿಲಿಂಗಪ್ಪ ಬಳ್ಳಾರಿಯಿಂದ ಮಾತಾಡುತ್ತಿದ್ದರು.

"ಕೆಲಸ ಆತು ಸಾರ್. ಬುಕ್ ನೋಡಿದ್ರು, ಸೀಟು ಕೊಟ್ರು. ನಡುವ ಒಂದು ತೊಡಕು ಬಂದಿತ್ತು."

"ಏನು?"

"ಫಾರಂನಾಗ ಪೋಷಕರ ಸಹಿ ಅಂತ ಒಂದು ಕಾಲಂ ಐತಿ. ವಿದ್ಯಾರ್ಥಿ ಅಂದ ಮ್ಯಾಲ ಪೋಷಕರು ಬೇಕೇ ಬೇಕು, ಇಲ್ಲ ಅಂದ್ರ ತಗಳಂಗಿಲ್ಲ ಅಂತ ಗುಮಾಸ್ತರು ಹಠ ಹಿಡಿದ್ರು. ಹವಾಲ್ದಾರ್ರಿಗೆ ಅಪ್ಪ ಇಲ್ಲ, ಅವ್ವ ಇಲ್ಲ. ಹಂಪಮ್ಮ ಗುಮಾಸ್ತರ ಜೊತಿ ಜಗಳಕ್ಕ ನಿಂತಿದ್ರು."

"ಮತ್ತೆ?"

"ಅಷ್ಟರಾಗ ಕ್ರಾಂತಿ ಪೆನ್ ಕಸಗಂಡು ಸಹಿ ಹಾಕಿಬಿಟ್ಲು ಸಾರ್. ಪಕ್ಕದಾಗ ವಿದ್ಯಾರ್ಥಿಗೆ ಏನಾಗಬೇಕು ಅಂತ ಇತ್ತು. ಅಲ್ಲಿ 'ಮಗಳು' ಅಂತ ಬರದ್ಲು."

"ಗುಮಾಸ್ತರು ಏನಂದ್ರು?"

"ಒಂದು ಗಳಿಗಿ ಅಪ್ಪ-ಮಗಳು ಇಬ್ಬರನ್ನೂ ನೋಡಿದ್ರು ಸಾರ್. ಆಮ್ಯಾಲ ಸೀಲ್ ಹೊಡೆದ್ರು."